ಎದೆಯ ನಂಬರಿನ ಹಿಂದೆ

ನವೆಂಬರ್ 5, ಬೆಳಿಗ್ಗೆ 6
ಶುಹೇಯ್ ಓಟದ ಪ್ರಾಕ್ಟೀಸಿಗೆ ಹೊರಟ. ಐದು ನಿಮಿಷ ಬಿಟ್ಟು ನಾನು, ಎಂದಿನಂತೆ. ಒಟ್ಟಿಗೆ ಲಿಫ್ಟ್ ಇಳಿಯುವುದಿಲ್ಲ. ನಗೋಯಾಕ್ಕೆ ಬಂದು ನಾಲ್ಕು ವರ್ಷ, ಅವನ ಜೊತೆ ಮೂರು. ಕೇಳಿದವರಿಗೆ ರೂಮ್‌ಮೇಟ್.

ನವೆಂಬರ್ 8
ಟೀವಿಯಿಂದ ಅವನಿಗೆ ಫೋನ್. ಗೇ ಆಟಗಾರರ ಬಗ್ಗೆ ಕಾರ್ಯಕ್ರಮವಂತೆ, ಮಾತಾಡುತ್ತೀರಾ ಎಂದು. ಅವನನ್ನೇ ಏಕೆ? ಯಾರೋ ಬಾಯಿಬಿಟ್ಟಿದ್ದಾರೆ. ಹೊರಬಿದ್ದರೆ ಅವನ ಕಂಪನಿಯ ರಿಲೇ ಓಟದ ಟೀಮಿನಲ್ಲಿ ಜಾಗ ಹೋದೀತು. ಮೈಸೂರಿನಲ್ಲಿ ಅಮ್ಮ... ಅಮ್ಮನನ್ನು ಕಳೆದುಕೊಳ್ಳಲಾರೆ.

ಅನುಮಾನ ಚಿತ್ರಾ ಮೇಲೆ. ಆಫೀಸಿನಲ್ಲಿ ಪಕ್ಕದ ಸೀಟು. ದೀಪಾವಳಿಗೆ ಕೋಡುಬಳೆ ಕೊಡಲು ಬಂದವಳು ಮನೆಯೆಲ್ಲ ಕಣ್ಣಾಡಿಸಿದ್ದಳು. ಇರುವುದು ಒಂದೇ ಹಾಸಿಗೆ.

ನವೆಂಬರ್ 10
ಕ್ಯಾಂಟೀನಿನಲ್ಲಿ ಚಿತ್ರಾಳನ್ನು ಹಿಡಿದೆ. "ಶುಹೇಯ್ ವಿಷಯ ಯಾರ ಹತ್ರ ಹೇಳ್ದೆ?"

"ಯಾರ ಹತ್ರಾನೂ ಇಲ್ಲ ಕಣೋ. ನಂಗೆ ಗೊತ್ತಾಗಿ ಎರಡು ವರ್ಷ ಆಯ್ತು. ಹೇಳೋ ಹಾಗಿದ್ರೆ ಅವತ್ತೇ ಹೇಳ್ತಿದ್ದೆ."

ಎರಡು ವರ್ಷ! ನಂಬಲಿಲ್ಲ. ಡಬ್ಬಿಯ ಮೊಸರನ್ನ ಅರ್ಧಕ್ಕೇ ಬಿಟ್ಟು ಎದ್ದೆ.

ನವೆಂಬರ್ 15
ಅವನ ಕೋಚ್ ಹೊಸೊಯಾ-ಸಾನ್ ಒಂದು ಬಾಕ್ಸ್ ಕಿತ್ತಳೆ ಕಳಿಸಿದ್ದಾರೆ. ಚೀಟಿಯಲ್ಲಿ "ಇಬ್ಬರೂ ತಿನ್ನಿ". ಇಬ್ಬರೂ ಅಂದರೇನು? ನಾನು ಮುಟ್ಟಲಿಲ್ಲ. ಶುಹೇಯ್ ಆರು ತಿಂದ.

ನವೆಂಬರ್ 22, ಸಂಜೆ
ಒಗೆಯಲೆಂದು ಅವನ ಬ್ಯಾಗ್ ಖಾಲಿ ಮಾಡಿದೆ. ಸೆಪ್ಟೆಂಬರ್ ರೇಸಿನಲ್ಲಿ ಎದೆಗೆ ಪಿನ್ ಮಾಡಿದ್ದ ನಂಬರ್ ಸಿಕ್ಕಿತು. ಅದರ ಹಿಂಬದಿಯಲ್ಲಿ, ಓಡುವಾಗ ಏನಾದರೂ ಆದರೆ ಯಾರಿಗೆ ತಿಳಿಸಬೇಕು ಎಂದು ಬರೆಯುವ ಜಾಗ. ಯಾವಾಗಲೂ ಅವನ ಅಕ್ಕನ ಹೆಸರಿರುತ್ತಿತ್ತು. ಇದರಲ್ಲಿ ನನ್ನದು. ಸಂಬಂಧ: ಸಂಗಾತಿ. ಅವನದೇ ಅಕ್ಷರ. ರೇಸಿಗೆ ಮುಂಚೆ ಕೋಚ್ ಇದನ್ನೆಲ್ಲ ಒಂದೊಂದಾಗಿ ತಿರುವಿ ನೋಡುತ್ತಾರೆ!

ಕೇಳಿದೆ. ತಲೆ ತಗ್ಗಿಸಿದ. "ಬಿದ್ದರೆ ನೀನೇ ಬರಬೇಕು ಅನ್ನಿಸಿತು. ಟೀವಿಯವರಿಗೂ ನಾನೇ ಬರೆದೆ. ಮೊದಲು ನಿನ್ನನ್ನು ಕೇಳಬೇಕಿತ್ತು. ಸುಮಿಮಾಸೆನ್, ತಪ್ಪಾಯಿತು."

ಮೈಯೆಲ್ಲ ಉರಿದುಹೋಯಿತು. ಊರನ್ನೆಲ್ಲ ಅನುಮಾನಿಸಿದೆ, ಮನೆಯಲ್ಲಿದ್ದವನೊಬ್ಬನನ್ನು ಬಿಟ್ಟು. ಆದರೂ ಆ ಪದವನ್ನು ಮತ್ತೆ ಮತ್ತೆ ಓದಿದೆ... ಯಾರೂ ನನ್ನನ್ನು ಹಾಗೆ ಬರೆದಿರಲಿಲ್ಲ.

ನವೆಂಬರ್ 24, ಸಂಜೆ 7
ಶುಹೇಯ್ ಟೀವಿಯಲ್ಲಿ ಮಾತಾಡಲು ಒಪ್ಪಿದ್ದಾನೆ, ನಾಡಿದ್ದು ಪ್ರಸಾರ. ಇಂಟರ್ನೆಟ್ಟಿನಲ್ಲೂ ಬರುತ್ತದೆ — ಮೈಸೂರು ಮುಟ್ಟಲು ಎಷ್ಟು ಹೊತ್ತು? ನನ್ನ ಹೆಸರು ಹೇಳುವುದಿಲ್ಲ ಎಂದಿದ್ದಾನೆ. ಅವನಿಗೆ ಫೋನ್ ಮಾಡಿದ್ದ ಟೀವಿಯವಳೂ ಮಾತು ಕೊಟ್ಟಿದ್ದಾಳೆ. ಅವಳನ್ನು ನಂಬುವುದಿಲ್ಲ. ಅಮ್ಮನಿಗೆ ಇನ್ಯಾರೋ ಹೇಳುವುದು ಬೇಡ.

ಫೋನ್ ಸ್ಪೀಕರಿನಲ್ಲಿದೆ. ರಿಂಗ್ ಆಗುತ್ತಿದೆ. ಸುಮ್ಮನೆ ಕಾಯಲಾಗದೆ ಬರೆಯುತ್ತಿದ್ದೇನೆ. ಶುಹೇಯ್ ಪಕ್ಕದಲ್ಲೇ ಕೂತಿದ್ದಾನೆ.

ಎತ್ತಿದಳು. "ಹೇಳೋ ಲಿಂಗು, ಊಟ ಆಯ್ತಾ?"

"ಅಮ್ಮ, ನಿಂಗೊಂದು ವಿಷ್ಯ ಹೇಳ್ಬೇಕು. ನಾನು..."