ಹಿಂದಿನ ಸೀಟು

ಸೋಮವಾರ, ಅಂಗಡಿಯಿಂದ

ಕೇಸು ಗೆದ್ದ ತಮ್ಮನಿಗೆ ಸೋತ ಅಣ್ಣನ ಆಶೀರ್ವಾದ.

ನಾವೆಲ್ಲ ಚೆನ್ನಾಗಿದ್ದೀವಿ. ತಿಂಗಳ ಕೊನೆಗೆ ನನ್ನ ಪಂಕ್ಚರ್ ಅಂಗಡಿ, ಅದರ ಹಿಂದಿನ ಮನೆ ಎರಡೂ ಖಾಲಿ ಮಾಡಬೇಕು ಅಂತ ಕಟಿಂಗ್ ಅಂಗಡಿಯವನ ಕೈಲಿ ಹೇಳಿ ಕಳಿಸಿದ್ದೀಯ. ಅವನು ಅರ್ಧ ಗಡ್ಡ ಕೆರೆದಾದ ಮೇಲೆ ವಿಷಯ ತೆಗೆದ. ಎದ್ದು ಓಡೋ ಹಾಗಿಲ್ಲ, ಜಗಳ ಆಡೋ ಹಾಗೂ ಇಲ್ಲ. ಕತ್ತಿ ಅವನ ಕೈಯಲ್ಲಿದೆ. ಆಳು ನೋಡಿ ಕಳಿಸಿದ್ದೀಯ ಕಣೋ.

ಅಪ್ಪ ಹೋದ ಮೇಲೆ ಈ ಜಾಗಾನೆಲ್ಲ ನೀನು ನಿನ್ನೊಬ್ಬನ ಹೆಸರಿಗೆ ಖಾತೆ ಮಾಡಿಸಿಕೊಂಡೆ. ನಾನು ತಕರಾರು ಅರ್ಜಿ ಹಾಕಿದೆ. ಅಲ್ಲಿಂದ ಆರು ವರ್ಷ ಕಂದಾಯ ಕಚೇರಿಗೆ ಇಬ್ಬರೂ ನಿನ್ನ ಸ್ಕೂಟರ್‌ನಲ್ಲೇ ಹೋಗಿ ಬಂದ್ವಿ. ಎದುರುಪಾರ್ಟಿ ಮುಂದೆ, ಅರ್ಜಿದಾರ ಹಿಂದೆ. ಒಳಗೆ ಹಾವು ಮುಂಗುಸಿ, ಹೊರಗೆ ಬಂದ್ರೆ ಒಂದು ಟೀ ಎರಡು ಲೋಟ. ನೀವು ಕೇಸಿಗೆ ಬರ್ತೀರೋ ಸಿನಿಮಾಕ್ಕೆ ಬರ್ತೀರೋ ಅಂತ ಜವಾನ ಕೇಳ್ತಿದ್ದ. ಸಿನಿಮಾನೇ ಕಣಪ್ಪಾ, ಇಂಟರ್ವಲ್ ಮಾತ್ರ ತೋರಿಸ್ತಿದ್ದಾರೆ ಅಂತ ನಾನು ಅಂತಿದ್ದೆ.

ಸಾಕಾಗಿ ನಾನೇ ಮೇಲಿನ ಕೋರ್ಟಿಗೆ ಹೋದೆ. ಇಬ್ಬರ ಮಾತೂ ಕೇಳಿ, ಮೂರು ತಿಂಗಳೊಳಗೆ ತೀರ್ಮಾನ ಮಾಡಿ ಅಂತ ಕಚೇರಿಗೆ ಆದೇಶ ಬಂತು. ಅವತ್ತು ಟೀ ದುಡ್ಡು ನಾನೇ ಕೊಟ್ಟೆ. ಗಡುವು ಅಂದ್ರೆ ಹಗ್ಗ, ಬಾವಿಗೆ ಬಿದ್ದೋನನ್ನ ಮೇಲೆ ಎಳೆಯುತ್ತೆ ಅಂದ್ಕೊಂಡೆ. ಹಗ್ಗಕ್ಕೆ ಇನ್ನೊಂದು ಉಪಯೋಗಾನೂ ಇದೆ ಅಂತ ಹೊಳೀಲಿಲ್ಲ.

ಕಚೇರಿ ಸಾಹೇಬ್ರು ಮೊದಲು ರಜೆ, ಆಮೇಲೆ ತರಬೇತಿ, ಆಮೇಲೆ ಕಡತ ಸಿಗಲಿಲ್ಲ. ಕೊನೆಗೆ ಗಡುವು ಮುಗಿಯೋ ದಿನವೇ ವಿಚಾರಣೆ ಇಟ್ರು. ಇಸ್ತ್ರಿ ಶರ್ಟು ಹಾಕ್ಕೊಂಡು, ಅಪ್ಪನ ಕಾಲದ ಕಾಗದದ ಚೀಲ ತೊಡೆ ಮೇಲಿಟ್ಕೊಂಡು, ಅಂಗಡಿ ಮುಂದೆ ಟೈರ್ ಮೇಲೆ ಕೂತೆ. ನೀನು ಬರಲಿಲ್ಲ. ಮುನ್ನಾದಿನ ತಾನೇ ನಿನ್ನ ಸ್ಕೂಟರ್‌ಗೆ ಹೊಸ ಟ್ಯೂಬ್ ಹಾಕಿ ಕೊಟ್ಟಿದ್ದೆ. ಪಂಕ್ಚರ್ ಆಗಿರಲ್ಲ, ನನ್ನ ಕೆಲಸ ನನಗೆ ಗೊತ್ತು. ಹಾಗಾದ್ರೆ ಎಲ್ಲಾದ್ರೂ ಬಿದ್ದುಗಿದ್ದು ಹೋದ್ನಾ ಅಂದ್ಕೊಂಡೆ. ಫೋನ್ ಮಾಡಿದೆ. ರಿಂಗಾಯ್ತು, ಎತ್ತಲಿಲ್ಲ. ಇಟ್ಟಿಗೆ ಲಾರಿ ಹತ್ಕೊಂಡು, ದಾರಿ ಉದ್ದಕ್ಕೂ ಚರಂಡಿ ಇಣುಕಿ ನೋಡ್ತಾ ಹೋದೆ. ನೀನು ಚರಂಡೀಲಿರಲಿಲ್ಲ. ಕಚೇರಿ ಮೆಟ್ಟಿಲು ಇಳೀತಿದ್ದೆ. ನನ್ನ ಮುಖ ನೋಡದೆ ಸ್ಕೂಟರ್ ಹತ್ತಿ ಹೋದೆ.

ಉಳಿದಿದ್ದು ಜವಾನ ಹೇಳಿದ. ನನ್ನ ಹೆಸರು ಮೂರು ಸಲ ಕೂಗಿದನಂತೆ. ನಿಮ್ಮಣ್ಣ ಎಲ್ಲಪ್ಪಾ, ಬರ್ತಾ ಇದ್ದಾರಾ ಅಂತ ಸಾಹೇಬ್ರು ನಿನ್ನನ್ನೇ ಕೇಳಿದ್ರಂತೆ. ಗೊತ್ತಿಲ್ಲ ಸಾರ್ ಅಂದ್ಯಂತೆ.

ಒಳಗೆ ಹೋಗಿ ಸಾಹೇಬ್ರಿಗೆ ಕೈ ಮುಗಿದೆ. ಕೂಗಿಸಿದ್ವಲ್ಲ, ನೀವು ಬರಲಿಲ್ಲ. ಇವತ್ತು ಮುಗಿಸದಿದ್ರೆ ನಾಳೆ ಕೋರ್ಟು ನನ್ನನ್ನೇ ನಿಲ್ಲಿಸಿ ಕೇಳುತ್ತೆ ಅಂದ್ರು. ಇಬ್ಬರ ಮಾತೂ ಕೇಳಿ ಅಂತಾನೂ ಅದೇ ಕೋರ್ಟು ಹೇಳಿತ್ತಲ್ಲ ಸ್ವಾಮಿ ಅಂದೆ. ನಿಮ್ಮ ಅರ್ಜಿ ವಜಾ, ಸಹಿ ಆಗೋಯ್ತು ಅಂದ್ರು. ಆರು ವರ್ಷ ಆಮೆ ಆಗಿದ್ದ ಕಚೇರಿ ಒಂದೇ ಬೆಳಿಗ್ಗೆಗೆ ಮೊಲ ಆಗಿತ್ತು ನೋಡು.

ವಕೀಲರ ಹತ್ರ ಹೋದೆ. ಮೇಲ್ಮನವಿ ಹಾಕೋಣ, ಆದ್ರೆ ಯಾಕೆ ಹಾಜರಾಗಲಿಲ್ಲ ಅನ್ನೋಕೆ ಕಾರಣ ಬೇಕು ಅಂದ್ರು. ತಮ್ಮ ಸ್ಕೂಟರ್ ತರಲಿಲ್ಲ ಅಂದೆ. ಹೊಟ್ಟೆ ಹಿಡ್ಕೊಂಡು ನಕ್ರು. ಎದುರುಪಾರ್ಟೀನೇ ಕರ್ಕೊಂಡು ಹೋಗಬೇಕು ಅಂತ ಯಾವ ಕಾನೂನಲ್ಲಿದೆ ಯಜಮಾನ್ರೆ ಅಂದ್ರು. ಬೀದಿನೆಲ್ಲ ನಗಿಸೋನು ನಾನು. ತಮಾಷೆ ಮಾಡದೆ ನಗಿಸಿದ್ದು ಅದೇ ಮೊದಲು.

ಅಂಗಡಿ ಖಾಲಿ ಮಾಡಲ್ಲ. ಪೊಲೀಸರನ್ನ ಬೇಕಾದ್ರೂ ಕರ್ಕೊಂಡು ಬಾ. ಸ್ಕೂಟರ್ ಮಾತ್ರ ಈ ಕಡೆ ತರಬೇಡ. ಚಕ್ರದ ಗಾಳಿ ಇಳಿದ್ರೆ ಪೇಟೇಲಿ ಹಾಕಿಸ್ಕೋ.

ಇಂತಿ,
ಗೈರುಹಾಜರಾದ ನಿನ್ನ ಅಣ್ಣ

ಮರೆತಿದ್ದು: ಅವತ್ತು ಬಸ್ಸೇ ಬರಲಿಲ್ಲ ಅಂತ ಬರೆಯೋಣ ಅಂದ್ರು ವಕೀಲರು. ನಾನಿನ್ನೂ ಸಹಿ ಹಾಕಿಲ್ಲ. ಬಸ್ಸು ಬಂದಿತ್ತು ಕಣೋ. ಸೀಟೂ ಖಾಲಿ ಇತ್ತು. ಟೈರ್ ಮೇಲೆ ಕೂತಿದ್ದ ನನ್ನನ್ನ ನೋಡಿ ಕಂಡಕ್ಟರ್ ಶಿಳ್ಳೆ ಹೊಡೆದು ನಿಲ್ಲಿಸಿದ, ಇವತ್ತು ನಿಮ್ಮ ಕೇಸಲ್ವಾ, ಹತ್ತಿ ಅಂದ. ನೀವು ಹೋಗಿ, ನನ್ನ ತಮ್ಮ ಬರ್ತಾನೆ ಅಂದೆ.