ಏಪ್ರಿಲ್ ಹದಿನೈದು, ಸಣ್ಣ ಅಕ್ಷರದಲ್ಲಿ

ಡ್ರೈವಿಂಗ್ ಶಾಲೆ
ಮಾರ್ಚ್ ೨೮, ಶನಿವಾರ

ಪ್ರೀತಿಯ ಹಳೇಪೇಪರ್ ಸಾಹೇಬರಿಗೆ,

ಈ ಹೆಸರಿಟ್ಟವನು ನಮ್ಮಣ್ಣ, ನಾನಲ್ಲ. ನಾನು ಬರೀ ಒಪ್ಪಿಕೊಂಡೆ. ಫೋನಿನಲ್ಲೇ ಹೇಳಬಹುದಿತ್ತು, ಆದರೆ ನೀವು ‘ಇತಿಹಾಸದಲ್ಲಿ ಈ ದಿನ’ ಅಂತ ಶುರುಮಾಡಿದರೆ ನನಗೆ ನಗು ಬಂದುಬಿಡುತ್ತದೆ, ಕಷ್ಟಪಟ್ಟು ತಂದುಕೊಂಡ ಸಿಟ್ಟೆಲ್ಲ ನೀರುಪಾಲು. ಅದಕ್ಕೇ ಕಾಗದ. ನಡುವೆ ಬಾಯಿ ಹಾಕಲಾರಿರಿ, ಕೊನೆಯವರೆಗೂ ಓದಲೇಬೇಕು.

ಪತ್ರಿಕೆಗೆ ದಿನಾ ಆ ಅಂಕಣ ಬರೆಯುವುದು ನಿಮ್ಮ ಕೆಲಸ, ಸರಿ. ನಮ್ಮ ಮದುವೆಗೂ ಅದಕ್ಕೂ ಏನ್ರೀ ಸಂಬಂಧ? ಜನವರಿ ಇಪ್ಪತ್ತೆಂಟು ಅಂದೆ. ಅಯ್ಯೋ ಬೇಡ, ಅವತ್ತು ಬಾಹ್ಯಾಕಾಶ ನೌಕೆ ಸಿಡಿದಿತ್ತು ಅಂದಿರಿ. ಮಾರ್ಚ್ ಹದಿನೈದು ಅಂದೆ. ಸೀಸರನನ್ನು ಇರಿದ ದಿನ, ಅದೂ ಜೊತೆಯಲ್ಲಿದ್ದವರೇ, ಅಂತ ಹೇಳಿ ನನ್ನ ಮುಖ ನೋಡಿದಿರಿ. ನಾನೇನು ಚಾಕು ಹಿಡಿದು ಬರುತ್ತಿದ್ದೆನೇ? ಕೊನೆಗೆ ನೀವೇ ಒಂದು ದಿನ ಹುಡುಕಿ ತಂದಿರಿ: ಫೆಬ್ರವರಿ ಇಪ್ಪತ್ತೊಂಬತ್ತು! ಅದು ಬರಲು ಇನ್ನೂ ಎರಡು ವರ್ಷ. ಅಪರೂಪಕ್ಕೆ ಬರುವ ದಿನವಾದ್ದರಿಂದ ಅನಾಹುತಕ್ಕೂ ಅವಕಾಶ ಕಡಿಮೆ ಎಂಬ ನಿಮ್ಮ ಲೆಕ್ಕ ಕೇಳಿ ಅಣ್ಣ ಹೊಟ್ಟೆ ಹಿಡಿದುಕೊಂಡು ನಕ್ಕ. ನಾನು ತಲೆ ಚಚ್ಚಿಕೊಂಡೆ.

ನಕ್ಕದ್ದು ಸಾಕು. ಅಣ್ಣ ಏಪ್ರಿಲ್ ಹದಿನಾರಕ್ಕೆ ಹಡಗು ಹತ್ತುತ್ತಾನೆ. ಹಡಗಿನ ಅಡುಗೆಯವನಿಗೆ ಮತ್ತೆ ರಜೆ ಯಾವಾಗಲೋ ಏನೋ. ಅಪ್ಪ ಅಮ್ಮ ಹೋದಮೇಲೆ ನನ್ನನ್ನು ಸಾಕಿದವನು ಅವನು. ಸೊಟ್ಟಪಟ್ಟ ಜಡೆ ಹೆಣೆದು ಶಾಲೆಗೆ ಕಳಿಸಿದವನು. ಅವನು ಪಕ್ಕದಲ್ಲಿ ನಿಲ್ಲದೆ ನಾನು ಮದುವೆಯಾಗುವುದಿಲ್ಲ. ನೋಂದಣಿ ಕಚೇರಿಯಲ್ಲಿ ಅಷ್ಟರೊಳಗೆ ಖಾಲಿಯಿರುವುದು ಒಂದೇ ದಿನ, ಏಪ್ರಿಲ್ ಹದಿನೈದು. ಆ ದಿನ ಕಾಯ್ದಿರಿಸುವ ಅರ್ಜಿಗೆ ನನ್ನ ಸಹಿ ಆಗಿದೆ. ಸೋಮವಾರ ಮಧ್ಯಾಹ್ನದೊಳಗೆ ನಿಮ್ಮದೂ ಬೀಳದಿದ್ದರೆ ಆ ದಿನ ಬೇರೆಯವರ ಪಾಲು.

ಹೌದು, ಗೊತ್ತು. ಟೈಟಾನಿಕ್ ಮುಳುಗಿದ ದಿನ. ಲಿಂಕನ್ ತೀರಿಕೊಂಡ ದಿನ. ಪ್ಯಾರಿಸ್ಸಿನ ಆ ದೊಡ್ಡ ಚರ್ಚಿಗೆ ಬೆಂಕಿ ಬಿದ್ದ ದಿನ. ಅಣ್ಣನಿಗೆ ಹೆದರುತ್ತಲೇ ಹೇಳಿದೆ. ಅವನು ಈರುಳ್ಳಿ ಹೆಚ್ಚುತ್ತಿದ್ದ. ತಲೆ ಎತ್ತದೆಯೇ, ಹಡಗು ಮುಳುಗಿದ ದಿನಾನೆಲ್ಲಾ ಬಿಡ್ತಾ ಹೋದ್ರೆ ನಾನು ಯಾವತ್ತೂ ಕೆಲ್ಸಕ್ಕೇ ಹೋಗೋಕಾಗಲ್ಲ, ನಿಮ್ಮೋರಿಗೆ ಹೇಳು, ಅಂದ.

ಆಮೇಲೆ ಹೋದ ವರ್ಷದ ನಿಮ್ಮ ಏಪ್ರಿಲ್ ಹದಿನೈದರ ಅಂಕಣ ಹುಡುಕಿ ತೆಗೆದೆ. ನಿಮ್ಮ ರೀತಿಯೇ ಅದು: ಮುಳುಗಿದ್ದು, ಸುಟ್ಟದ್ದು, ಸತ್ತದ್ದು ಮೇಲೆ, ದಪ್ಪಕ್ಷರದಲ್ಲಿ. ಹುಟ್ಟಿದವರು ಕೆಳಗೆ, ಇರುವೆಯಂಥ ಅಕ್ಷರದಲ್ಲಿ. ಕನ್ನಡಕ ಹಾಕಿಕೊಂಡು ಬುಡದಿಂದ ಓದಿದೆ. ಲಿಯೊನಾರ್ಡೊ ಡ ವಿಂಚಿ ಹುಟ್ಟಿದ್ದು ಅವತ್ತೇ ಅಂತೆ. ಗಣಿತದ ಆಯ್ಲರ್ ಕೂಡ. ಅವರ ಅಮ್ಮಂದಿರೇನು, ದಿನ ಸರಿಯಿಲ್ಲ ಅಂತ ಹೆರಿಗೆ ಮುಂದಕ್ಕೆ ಹಾಕಿದರೇ?

ಸ್ಟೀರಿಂಗ್ ಹಿಡಿದರೂ ನೀವು ಹಾಗೇ. ರಸ್ತೆ ಖಾಲಿಯಿದ್ದರೂ ಬ್ರೇಕಿನ ಮೇಲೆ ಕಾಲು. ಕಲಿಸಿದವಳು ನಾನೇ, ಆದರೆ ಲೈಸೆನ್ಸ್ ಸಿಕ್ಕಮೇಲೂ ನಾನು ಪಕ್ಕದಲ್ಲಿ ಕೂರದೆ ಗಾಡಿ ಮುಟ್ಟಿಲ್ಲ. ನಿಮ್ಮ ಮೇಲೆ ಪ್ರಾಣ ಇಟ್ಟುಕೊಂಡಿದ್ದೇನೆ ಮಾರಾಯರೇ, ಅದಕ್ಕೇ ಇಷ್ಟು ಬೈಗುಳ. ಮೀನಮೇಷ ಎಣಿಸದೆ ಹೋಗಿ ಸಹಿ ಹಾಕಿ.

ಕಾದು ಸಾಕಾಗಿರುವ,
ನಿಮ್ಮ ಮೇಡಂ

ತಾ.ಕ.: ಶಾಲೆಯ ಕೆಂಪು ಕಾರನ್ನು ನಿಮ್ಮ ಆಫೀಸಿನ ಮುಂದೆ ನಿಲ್ಲಿಸಿ ಬಂದಿದ್ದೇನೆ. ಬೀಗದ ಕೈ ಈ ಕಾಗದ ತಂದಿರುವ ಅಣ್ಣನ ಹತ್ತಿರ ಇದೆ. ಅವನಿಗೆ ಡ್ರೈವಿಂಗ್ ಬರುವುದಿಲ್ಲ.

*

ಪತ್ರಿಕಾ ಕಚೇರಿ
ಮಾರ್ಚ್ ೩೦, ಸೋಮವಾರ

ನನ್ನ ಮೇಡಂಗೆ,

ಸಹಿ ಹಾಕಿದೆ! ಹೇಗೆ ಹೋದೆ ಅಂತ ಕೇಳಿ. ನಾನೇ ಓಡಿಸಿಕೊಂಡು ಹೋದೆ. ಪಕ್ಕದಲ್ಲಿ ನಿಮ್ಮಣ್ಣ, ಅಂದರೆ ಇನ್ನು ನನ್ನ ಭಾವ. ಕಲಿಸುವಾಗ ನೀವು ಒತ್ತುವ, ಪಕ್ಕದ ಸೀಟಿನ ಕೆಳಗಿರುವ ಆ ಎರಡನೇ ಬ್ರೇಕ್ ತೋರಿಸಿ, ಬೇಕಾದಾಗ ಒತ್ತಿಬಿಡಿ ಎಂದೆ. ಅವರು ಎರಡೂ ಕಾಲು ಸೀಟಿನ ಮೇಲೆ ಮಡಚಿಕೊಂಡು ಕೂತು, ನಂಗದೆಲ್ಲಾ ಗೊತ್ತಿಲ್ಲಪ್ಪ, ನೀವು ನಡೀರಿ ಎಂದರು. ಮಾರುಕಟ್ಟೆ ದಾಟಿದ ಮೇಲೆ, ನಿಮ್ಮಾಣೆ, ಮೂರನೇ ಗೇರ್! ನಾನು ಹಾಡುತ್ತಿದ್ದೆನಂತೆ. ಭಾವ ಹೇಳಿದಮೇಲೆ ಗೊತ್ತಾಯಿತು.

ನಿಜ ಹೇಳಲೇ? ನನಗಿದ್ದದ್ದು ದಿನದ ಹೆದರಿಕೆಯಲ್ಲ. ಇಷ್ಟೊಂದು ಸಂತೋಷ ನನಗೆ ರೂಢಿಯಿಲ್ಲ, ಎಲ್ಲಿ ಕೈಜಾರುತ್ತದೋ ಅಂತ ಭಯ, ಅಷ್ಟೇ. ಈಗ ಅದೂ ಇಲ್ಲ.

ಹದಿನೈದರ ಅಂಕಣವನ್ನು ಇವತ್ತೇ ಬರೆದುಕೊಟ್ಟೆ; ಅವತ್ತು ನನಗೆ ರಜೆ. ಈ ಸಲ ಹುಟ್ಟಿದವರು ಮೇಲೆ, ದಪ್ಪಕ್ಷರದಲ್ಲಿ. ಟೈಟಾನಿಕ್ ಕೆಳಗೆ.

ಇನ್ನು ನಿಮ್ಮವನೇ ಆದ,
ಹಳೇಪೇಪರ್

ತಾ.ಕ.: ನೋಂದಣಿ ಕಚೇರಿಯ ಗೇಟಿಗೆ ಕಾರು ಸ್ವಲ್ಪ ತಾಗಿತು. ಗೇಟು ಬಿತ್ತು. ಮುಂದಿನ ವರ್ಷದ ಮಾರ್ಚ್ ಮೂವತ್ತರ ಅಂಕಣಕ್ಕೆ ಅದನ್ನೂ ಸೇರಿಸುತ್ತೇನೆ, ಸಣ್ಣ ಅಕ್ಷರದಲ್ಲಿ.