ಫೋಟೋದಲ್ಲಿ ಕೂಗುತ್ತಿದ್ದವಳು

ಅಮ್ಮಾ,

‘ಇತಿಹಾಸ ನಮ್ಮ ಮನೆಗೆ ಬರಲೇ ಇಲ್ಲ’ ಎನ್ನುತ್ತಿದ್ದೆಯೋ, ‘ಬಂದಿತ್ತು, ಬೂಟು ಬಿಚ್ಚಲಿಲ್ಲ’ ಎನ್ನುತ್ತಿದ್ದೆಯೋ? ಕೇಳೋಣವೆಂದರೆ ನೀನಿಲ್ಲ. ಎರಡನೆಯದೇ ಇರಬೇಕು.

ಪೋಲೆಂಡಿನ ಹೆಂಗಸರು ಕಳೆದ ಶತಮಾನವನ್ನು ಹೇಗೆ ದಾಟಿದರೆಂದು ಪುಸ್ತಕದ ಮೇಲೆ ಪುಸ್ತಕ ಬರೆಯುವ ಮಾಲ್ವಿನಾ ಝೆಪ್ಕಾ ಈ ಸಂಜೆ ನಮ್ಮ ಗ್ರಂಥಾಲಯಕ್ಕೆ ಬಂದಿದ್ದರು. ಹೊಸ ಪುಸ್ತಕದ ಮುಖಪುಟದಲ್ಲಿ ೧೯೮೧ರಲ್ಲಿ ಅಂಗಡಿಗಳಲ್ಲಿ ತಿನ್ನಲು ಏನೂ ಸಿಗದೆ ನಮ್ಮೂರ ಹೆಂಗಸರು ಬೀದಿಗಿಳಿದ ಹಸಿವಿನ ಮೆರವಣಿಗೆಯ ಫೋಟೋ. ಗಿರಣಿಯ ಹೆಂಗಸರು, ಖಾಲಿ ಪಾತ್ರೆಗಳು, ಮಕ್ಕಳ ತಳ್ಳುಗಾಡಿಗಳು. ಎಲ್ಲರ ಮುಂದೆ ಬಾಯ್ತೆರೆದು ಕೂಗುತ್ತಿರುವವಳು ನೀನು!

“ಈಕೆ ಯಾರೆಂದು ಇವತ್ತಿಗೂ ಗೊತ್ತಾಗಿಲ್ಲ” ಎಂದರು ಅವರು.

“ನಮ್ಮಮ್ಮ!” ನಾನು ಎದ್ದು ನಿಂತುಬಿಟ್ಟಿದ್ದೆ. ಅಂಗಡಿಯ ಸಾಲಿನಲ್ಲಿ ಯಾರಾದರೂ ಮುಂದೆ ನುಗ್ಗಿದರೂ ಸುಮ್ಮನಿರುತ್ತಿದ್ದ ನೀನು, ಅಮ್ಮಾ!

ಮನೆಗೆ ಬಂದವಳೇ ಪಕ್ಕದ ಮನೆಯ ಗೆನ್ಯಾ ಚಿಕ್ಕಮ್ಮನಿಗೆ ಫೋನು ಮಾಡಿದೆ. ಬಾಗಿಲಿಗೆ ಬಂದರು, ಕೊಂಡು ತಂದ ಪುಸ್ತಕದ ಮುಖಪುಟ ತೋರಿಸಿದೆ. ಒಳಗೆ ಹಾಕಿಕೊಳ್ಳಲು ಚಪ್ಪಲಿ ಕೊಟ್ಟರೆ ಬೇಡವೆಂದರು.

“ಬೂಟು ಬಿಚ್ಚಲ್ಲ ಕಣೇ, ನಿಂತೇ ಹೇಳ್ತೀನಿ. ಅವಳ ಹಿಂದೆ ಗಾಡಿ ತಳ್ತಿರೋ ಪುಕ್ಕಲಿ ನಾನೇ, ಗಾಡೀಲಿರೋದು ನೀನು. ‘ಮಗು ನೀನು ನೋಡ್ಕೋ, ಕೂಗೋದು ನಂಗೆ ಬಿಡು’ ಅಂದ್ಲು. ಕೂಗಿ ಕೂಗಿ ಅವಳ ಗಂಟಲು ಎಷ್ಟು ಕಟ್ಟಿತ್ತು ಅಂದ್ರೆ, ಆವತ್ತು ನಿಂಗೆ ಜೋಗುಳ ಹಾಡಿದ್ದೂ ನಾನೇ. ಅಲ್ಲ ಕಣೇ, ಇಷ್ಟು ವರ್ಷ ನೀನು ಅವಳನ್ನ ಏನೂ ಕೇಳ್ಲೇ ಇಲ್ವಾ?”